ಮುಂದೆ ಓಡುವ ಸದ್ದು

ಕುಂಚವನ್ನು ಡಬ್ಬಿಯ ಅಂಚಿಗೆ ಒರೆಸಿ ಇನ್ನೇನು ಗೆರೆಗೆ ಇಡಬೇಕು, ಅಷ್ಟರಲ್ಲಿ ಸದ್ದು ಕೇಳಿಸಿತು. ಟಕ್, ಟಪ್. ಟಕ್, ಟಪ್. ಬಲಗಾಲು ಹಗುರ, ಎಡಗಾಲು ಒಂದು ಚೂರು ಭಾರ. ಅವಳು ಮಂಡಿಯೂರಿ ಕೂತಿದ್ದ ಜಾಗದಿಂದ ಇಪ್ಪತ್ತು ಹೆಜ್ಜೆ ಮುಂದೆ, ಟ್ರ್ಯಾಕಿನ ಕೊನೆಯ ತಿರುವಿನಲ್ಲಿ, ಯಾರೋ ಒಳಗೆರೆ ಹಿಡಿದು ಓಡುತ್ತಿದ್ದ ಹಾಗೆ. ಅವಳು ತಲೆ ಎತ್ತಲಿಲ್ಲ. ಎತ್ತಿದರೆ ಏನು ಕಾಣುತ್ತದೆ ಎನ್ನುವುದು ಮೂವತ್ತೊಂದು ವರ್ಷದಿಂದ ಗೊತ್ತು. ಕೆಂಪು ಟ್ರ್ಯಾಕು, ಬಿಸಿಲು, ಖಾಲಿ ಮೆಟ್ಟಿಲುಗಳು.

"ಸಾಕು ಹೋಗಕ್ಕ" ಎಂದಳು, ಬಣ್ಣ ಹಚ್ಚುತ್ತಲೇ. "ನಾಳೆ ಸೆಲೆಕ್ಷನ್ ಇದೆ. ಇನ್ನೂ ಅರ್ಧ ಸುತ್ತು ಬಳಿಯೋದಿದೆ ನಂಗೆ."

ಸದ್ದು ನಿಂತಿತು. ಮಾತಾಡಿಸಿದರೆ ಒಮ್ಮೊಮ್ಮೆ ನಿಲ್ಲುತ್ತದೆ. ಒಮ್ಮೊಮ್ಮೆ ಮೂರು ದಿನವಾದರೂ ಬಿಡುವುದಿಲ್ಲ, ಆಫೀಸಿನ ಮೆಟ್ಟಿಲು ಹತ್ತುವಾಗ ಒಂದು ಮೆಟ್ಟಿಲು ಮುಂದೆ, ಆಸ್ಪತ್ರೆಯ ಉದ್ದನೆಯ ಪಡಸಾಲೆಯಲ್ಲಿ ನಡೆಯುವಾಗ ತಿರುವಿನಾಚೆ, ಹೀಗೆ ಜತೆಗೇ ಇರುತ್ತದೆ. ಜನಕ್ಕೆ ಬೆನ್ನ ಹಿಂದೆ ಹೆಜ್ಜೆ ಕೇಳಿಸಿದರೆ ಭಯ. ಇವಳಿಗೆ ಕೇಳಿಸುವುದು ಯಾವಾಗಲೂ ಮುಂದೆ.

ಕ್ರೀಡಾಂಗಣದ ಮೇಲ್ವಿಚಾರಕಿಯ ಕೆಲಸ ಅವಳದು. ಗೆರೆ ಬಳಿಯುವುದು ಮೇಲ್ವಿಚಾರಕಿಯ ಕೆಲಸವಲ್ಲ, ಅದಕ್ಕೆ ಬೇರೆ ಆಳುಗಳಿದ್ದಾರೆ. ಆದರೆ ಒಂದನೆಯ ಲೇನಿನ ಗೆರೆಯನ್ನು ಅವಳು ಯಾರ ಕೈಗೂ ಕೊಡುವುದಿಲ್ಲ. ಒಂದು ಬೆರಳಗಲ ಆಚೀಚೆ ಆದರೂ ಸುತ್ತಿನ ಅಳತೆ ಕೆಟ್ಟುಹೋಗುತ್ತದೆ ಎನ್ನುವುದು ಅವಳು ಕೊಡುವ ಕಾರಣ. ನಾನೂರು ಮೀಟರಿನ ಸುತ್ತಿನಲ್ಲಿ ಒಂದನೆಯ ಲೇನು ಬಿಟ್ಟು ಎರಡನೆಯದರಲ್ಲಿ ಓಡಿದರೆ ಏಳು ಮೀಟರ್ ಹೆಚ್ಚು ಓಡಬೇಕಾಗುತ್ತದೆ ಎಂದು ಹೊಸ ಹುಡುಗಿಯರಿಗೆ ಬೈದು ಬೈದು ಹೇಳುತ್ತಾಳೆ. ಸಂಬಳದ ಪಟ್ಟಿಯಲ್ಲಿ ಅವಳದೊಂದು ಹೆಸರಿದೆ. ಆ ಹೆಸರು ಹಿಡಿದು ಯಾರಾದರೂ ಕೂಗಿದರೆ ಅವಳೇ ಅತ್ತಿತ್ತ ನೋಡುತ್ತಾಳೆ. ಗೇಟಿನ ತಾತನಿಂದ ಹಿಡಿದು ದೊಡ್ಡ ಸಾಹೇಬರ ತನಕ ಎಲ್ಲರ ಬಾಯಲ್ಲೂ ಅವಳು ಚಾಂಪಿಯನ್ನಮ್ಮ.

ಯಾಕೆ ಅಂತ ಕೇಳುವವರು ಗೋಡೆ ನೋಡಿದರೆ ಸಾಕು. ಗ್ಯಾಲರಿಯ ಪಕ್ಕದ ಗೋಡೆಯ ಮೇಲೆ ದಾಖಲೆಗಳ ಹಲಗೆ ಇದೆ. ನೂರು ಮೀಟರು, ಇನ್ನೂರು ಮೀಟರು, ಎತ್ತರ ಜಿಗಿತ, ಎಲ್ಲದರಲ್ಲೂ ಹೆಸರು ಬದಲಾಗಿ ಬದಲಾಗಿ ಮರದ ಮೇಲೆ ಬಣ್ಣ ದಪ್ಪಗಾಗಿದೆ. ಮಹಿಳೆಯರ ಎಂಟುನೂರು ಮೀಟರಿನ ಸಾಲು ಮಾತ್ರ ಮೂವತ್ತೊಂದು ವರ್ಷದಿಂದ ಒಂದೇ. ಎರಡು ನಿಮಿಷ ಮೂರು ಸೆಕೆಂಡು, ಮೇಲೆ ನಾಲ್ಕು ಹತ್ತಂಶ. ಆ ಓಟ ಗೆದ್ದೇ ಅವಳು ಮೊದಲ ಸಲ ವಿಮಾನ ಹತ್ತಿ ಪರದೇಶಕ್ಕೆ ಓಡಲು ಹೋದದ್ದು. ಅಲ್ಲಿ ಆರನೆಯವಳಾದಳು, ಅದಕ್ಕೇ ಊರಿಗೆ ಊರೇ ಕುಣಿಯಿತು. ಆಮೇಲೆ ಐದು ವರ್ಷ ಅವಳ ಮುಂದೆ ನಿಲ್ಲುವವರೇ ಇರಲಿಲ್ಲ. ಇಪ್ಪತ್ತಾರಕ್ಕೆ ಹಿಮ್ಮಡಿಯ ನರ ಪಟ್ಟೆಂದು ಹರಿಯುವ ತನಕ ಅವಳು ಓಡಿದ್ದೆಲ್ಲ ಗೆಲುವೇ.

ಹಾಗಂತ ನೋಡಿದವರು ಹೇಳುತ್ತಾರೆ. ಅವಳಿಗೆ ಗೊತ್ತಿದ್ದದ್ದೇ ಬೇರೆ. ಆ ಐದು ವರ್ಷದಲ್ಲಿ ಒಂದೇ ಒಂದು ಓಟದಲ್ಲೂ ಅವಳು ಮುಂದಿರಲಿಲ್ಲ. ಯಾವ ದೇಶದ ಯಾವ ಟ್ರ್ಯಾಕಿನಲ್ಲಿ ನಿಂತರೂ ಕೊನೆಯ ತಿರುವು ಬಂದೊಡನೆ ಎದುರಿಗೆ ಆ ಸದ್ದು ಶುರುವಾಗುತ್ತಿತ್ತು. ಟಕ್, ಟಪ್. ಅದನ್ನು ಹಿಡಿಯಬೇಕು, ದಾಟಬೇಕು ಎಂದು ಜೀವ ಬಿಟ್ಟು ಓಡಿದರೆ ಗುರಿಯ ದಾರ ಎದೆಗೆ ತಗಲುತ್ತಿತ್ತು, ಆದರೆ ಸದ್ದು ಆಗಲೇ ದಾರ ದಾಟಿ ಹೋಗಿರುತ್ತಿತ್ತು. ಒಬ್ಬ ಪತ್ರಿಕೆಯವನು, "ಮುಂದೆ ಯಾರೂ ಇಲ್ಲದಿದ್ದರೂ ಯಾರನ್ನೋ ಅಟ್ಟಿಸಿಕೊಂಡು ಹೋಗುವವಳಂತೆ ಓಡುತ್ತಾಳೆ" ಎಂದು ಹೊಗಳಿ ಬರೆದಿದ್ದ. ಎಲ್ಲರೂ ಆ ತುಣುಕು ಕತ್ತರಿಸಿ ಇಟ್ಟುಕೊಂಡರು. ಇವಳು ಮಾತ್ರ ಹರಿದು ಒಲೆಗೆ ಹಾಕಿದಳು.

ದೆವ್ವ ಅಂದರೆ ಸತ್ತ ಮೇಲೆ ಬರುವಂಥದ್ದು ಎಂದು ಲೋಕವೆಲ್ಲ ನಂಬಿಕೊಂಡಿದೆ. ಇವಳಿಗೆ ಗಂಟುಬಿದ್ದದ್ದು ಬದುಕಿರುವವರ ದೆವ್ವ. ಅದು ಅವಳ ಅಕ್ಕನ ಹೆಜ್ಜೆ. ಆಗ ಅಕ್ಕ ಗುಂಡುಕಲ್ಲಿನಂತೆ ಗಟ್ಟಿಯಾಗಿದ್ದಳು. ಆಮೇಲೆ ಮದುವೆಯಾಗಿ, ತಡವಾಗಿ ಒಂದು ಹೆಣ್ಣು ಹೆತ್ತು, ಆಸ್ಪತ್ರೆಯ ಬಟ್ಟೆ ಒಗೆಯುವ ಕಾರ್ಖಾನೆಯಲ್ಲಿ ಹಾಸಿಗೆ ಹೊದಿಕೆಗಳಿಗೆ ಇಸ್ತ್ರಿ ಹಾಕುತ್ತಿದ್ದಳು. ಪ್ರತಿ ಭಾನುವಾರ ಇವಳು ಅಕ್ಕನ ಮನೆಗೆ ಹೋಗುತ್ತಿದ್ದಳು. ಅಕ್ಕ ಎದುರಿಗೆ ಕೂತು ಬಟ್ಟೆ ಮಡಿಸುತ್ತಾ, ಕಾರ್ಖಾನೆಯ ಮೇಸ್ತ್ರಿಯ ನಡಿಗೆಯನ್ನು ಅಣಕಿಸಿ ನಗಿಸುತ್ತಿರುವಾಗಲೇ, ಹೊರಗಿನ ಪಡಸಾಲೆಯಲ್ಲಿ ಅಕ್ಕನ ಹೆಜ್ಜೆ ಓಡಿ ಹೋಗುತ್ತಿತ್ತು. "ಯಾಕೇ ಬಿಳಿಚಿಕೊಂಡೆ, ನೀರು ಕುಡಿ" ಎನ್ನುತ್ತಿದ್ದಳು ಅಕ್ಕ. ಇವಳು ಕುಡಿಯುತ್ತಿದ್ದಳು.

ಓಡುವ ಕಾಲದಲ್ಲಿ ಅಕ್ಕನ ಎಡಗಾಲಿನ ಬೂಟಿನ ಅಟ್ಟೆ ಕಿತ್ತುಬಂದು, ಅದಕ್ಕೆ ಟೈರಿನ ತುಂಡು ಹಾಕಿಸಿದ್ದಳು. ಟಪ್ ಎನ್ನುವುದು ಆ ಟೈರಿನ ಸದ್ದು ಎಂದೇ ಇವಳು ತಿಳಿದಿದ್ದಳು. ಅಕ್ಕ ಹೋದ ವರ್ಷ ಕಾಯಿಲೆ ಬಿದ್ದು ತೀರಿಕೊಂಡಾಗ, ಅಳು ಒಂದು ಕಡೆ, ಇನ್ನಾದರೂ ಸದ್ದು ನಿಂತೀತು ಎನ್ನುವ ಆಸೆ ಒಂದು ಕಡೆ. ಅಂಥ ಆಸೆ ಪಟ್ಟದ್ದಕ್ಕೆ ತನ್ನ ಮೇಲೇ ಅಸಹ್ಯ. ಒಂದು ವಾರ ನಿಜಕ್ಕೂ ನಿಂತಿತ್ತು. ಎಂಟನೆಯ ದಿನ ಅಕ್ಕನ ಮಗಳು ಹೊಚ್ಚ ಹೊಸ ಮುಳ್ಳುಬೂಟು ಹಾಕಿಕೊಂಡು ಅಭ್ಯಾಸಕ್ಕೆ ಇಳಿದಳು. ಚಾಂಪಿಯನ್ನಮ್ಮ ಗ್ಯಾಲರಿಯಲ್ಲಿ ನಿಂತಿದ್ದವಳು ಹಾಗೇ ಕಂಬ ಹಿಡಿದು ಕೂತುಬಿಟ್ಟಳು. ಟಕ್, ಟಪ್. ಬೂಟಿನದಲ್ಲ ಅದು, ಕಾಲಿನದು.

"ಚಿಕ್ಕಮ್ಮಾ! ನೆತ್ತಿ ಸುಟ್ಟುಹೋಗೋ ಬಿಸಿಲಲ್ಲಿ ಟೋಪಿ ಇಲ್ಲದೆ ಕೂತಿದ್ದೀಯಲ್ಲ!"

ಈ ಸಲದ ಹೆಜ್ಜೆ ನಿಜದ್ದು. ಅಕ್ಕನ ಮಗಳು ಪುಟ್ಟಿ ಹುಲ್ಲು ದಾಟಿ ಬಂದು, ತನ್ನ ತಲೆಯ ಟೋಪಿ ತೆಗೆದು ಚಿಕ್ಕಮ್ಮನ ತಲೆಗೆ ಇಟ್ಟಳು. ಹತ್ತೊಂಬತ್ತರ ಹುಡುಗಿ, ಆದರೂ ಪುಟ್ಟಿ. ಅಪ್ಪ ಬಸ್ಸು ಓಡಿಸುತ್ತಾನೆ, ಮನೆಯಲ್ಲಿ ಇದ್ದರೆ ಇದ್ದ. ಅಮ್ಮ ಹೋದ ಮೇಲೆ ಹುಡುಗಿ ವಾರದಲ್ಲಿ ನಾಲ್ಕು ದಿನ ಊಟ ಮಾಡುವುದು, ಬಟ್ಟೆ ಒಣಗಿಸುವುದು, ಜಗಳ ಆಡುವುದು ಎಲ್ಲ ಚಿಕ್ಕಮ್ಮನ ಮನೆಯಲ್ಲೇ. ಮದುವೆ ಮಕ್ಕಳು ಅಂತ ಏನೂ ಮಾಡಿಕೊಳ್ಳದ ಚಾಂಪಿಯನ್ನಮ್ಮನಿಗೆ ಈ ಲೋಕದಲ್ಲಿ ತನ್ನದು ಅಂತ ಉಳಿದಿರುವುದು ಇವಳೊಬ್ಬಳೇ.

"ಹಸಿ ಗೆರೆ, ತುಳೀಬೇಡ" ಎಂದಳು.

"ತುಳಿಯಲ್ಲ ಮಾರಾಯ್ತಿ." ಪುಟ್ಟಿ ಹುಲ್ಲಿನ ಅಂಚಿನಲ್ಲಿ ಚಕ್ಕಳಮಕ್ಕಳ ಹಾಕಿ ಕೂತಳು. "ಕೋಚ್ ಒಂದು ಮಾತು ಹೇಳಿದ್ರು. ನಾಳೆ ನಾನು ನಮ್ಮ ಕ್ಲಬ್ಬಿನ ಆ ವಕೀಲರ ಮಗಳಿಗೆ ಎಳೆದುಕೊಡಬೇಕಂತೆ."

ಚಾಂಪಿಯನ್ನಮ್ಮನ ಕುಂಚ ಗೆರೆಯ ಮೇಲೆ ಇದ್ದಲ್ಲೇ ನಿಂತಿತು.

ಎಳೆಯುವುದು ಅಂದರೆ ಓಟಗಾರರಲ್ಲಿ ಹಳೆಯ ಪದ್ಧತಿ. ಒಂದೇ ಕ್ಲಬ್ಬಿನ ಇಬ್ಬರು ಓಡುವಾಗ ಒಬ್ಬಳು ಮುಂದೆ ನಿಂತು ಗಾಳಿಗೆ ಎದೆಕೊಟ್ಟು ವೇಗ ಹಿಡಿದುಕೊಡುತ್ತಾಳೆ. ಇನ್ನೊಬ್ಬಳು ಅವಳ ಬೆನ್ನಿನ ಮರೆಯಲ್ಲಿ ಆರಾಮವಾಗಿ ಬಂದು, ಕೊನೆಯಲ್ಲಿ ಅವಳನ್ನು ದಾಟಿ ಗೆಲ್ಲುತ್ತಾಳೆ. ಗೆದ್ದವಳ ಹೆಸರು ಹಲಗೆಗೆ ಹೋಗುತ್ತದೆ, ಎಳೆದವಳು ನೀರು ಕುಡಿದು ಮನೆಗೆ ಹೋಗುತ್ತಾಳೆ.

"ಕೊನೆ ತಿರುವಿನ ತನಕ ನಾನು ಮುಂದೆ" ಎಂದಳು ಪುಟ್ಟಿ. "ಆಮೇಲೆ ಅವಳು 'ದಾರಿ' ಅಂತ ಕೂಗಿದ ತಕ್ಷಣ ನಾನು ಬಲಗಡೆ ಒಂದು ಹೆಜ್ಜೆ ಸರೀಬೇಕು, ಅವಳು ಒಳಗಿಂದ ನುಗ್ಗಿ ಹೋಗ್ತಾಳೆ. ನೀನು, ಅಮ್ಮ ಮಾಡ್ತಿದ್ರಲ್ಲ, ಅದೇ ಅಂತೆ. ಇಡೀ ರಾಜ್ಯಕ್ಕೇ ಅದನ್ನ ಕಲಿಸಿಕೊಟ್ಟೋರು ನೀವಿಬ್ಬರು ಅಂತ ಕೋಚ್ ಹೇಳಿದ್ರು."

"ನೀನೇನಂದೆ?"

"ಯೋಚನೆ ಮಾಡ್ತೀನಿ ಅಂದೆ. ಸ್ವಲ್ಪ ಬಿಗುಮಾನ ಇರಲಿ ಅಂತ!" ಹುಡುಗಿ ನಕ್ಕಳು. "ಮಾಡೋದೇನಿದೆ ಬಿಡು. ಅವಳದು ಎರಡು ನಿಮಿಷ ಐದು. ನಂದು ಆರು. ಆಯ್ಕೆ ಆಗೋದು ಒಬ್ಬಳೇ. ಮುಂದಿನ ವರ್ಷ ನನ್ನ ಸರದಿ ಅಂತೆ."

ಮುಂದಿನ ವರ್ಷ. ಈ ಮಾತನ್ನು ಕೋಚುಗಳು ಎಷ್ಟು ಹುಡುಗಿಯರ ಕಿವಿಯಲ್ಲಿ ಊದಿದ್ದನ್ನು ಚಾಂಪಿಯನ್ನಮ್ಮ ಕಂಡಿಲ್ಲ! ಆ ಹುಡುಗಿಯರೆಲ್ಲ ಈಗ ಎಲ್ಲೆಲ್ಲೋ ಇಸ್ತ್ರಿ ಹಾಕುತ್ತಿದ್ದಾರೆ, ಟಿಕೆಟ್ಟು ಹರಿಯುತ್ತಿದ್ದಾರೆ. ಆರು ಅಂತ ಹುಡುಗಿ ಹೇಳುತ್ತಾಳೆ, ಮೊನ್ನೆ ಬೆಳಿಗ್ಗೆ ಯಾರೂ ಇಲ್ಲದಾಗ ಓಡಿದ್ದನ್ನು ಇವಳು ಮರೆಯಲ್ಲಿ ನಿಂತು ಗಡಿಯಾರ ಹಿಡಿದು ನೋಡಿದ್ದಾಳೆ. ಎರಡು ನಿಮಿಷ ನಾಲ್ಕೂವರೆ ಸೆಕೆಂಡು.

"ಬೇಡ" ಎಂದಳು. "ಎಳೀಬೇಡ. ನಿನ್ನ ಓಟ ನೀನು ಓಡು."

"ಓಹೋ! ಅಮ್ಮ ಎಳೆಯುವಾಗ ಬೇಕಾಗಿತ್ತು, ನಾನು ಎಳೆದರೆ ಬೇಡವಾ?" ಪುಟ್ಟಿ ಹುಲ್ಲಿನ ಕಡ್ಡಿ ಕಿತ್ತು ಚಿಕ್ಕಮ್ಮನ ಕಡೆ ಎಸೆದಳು. "ಅಮ್ಮನಿಗೆ ಎಷ್ಟು ಹೆಮ್ಮೆ ಇತ್ತು ಗೊತ್ತಾ? ನಾನು ಓಡಕ್ಕೆ ಶುರುಮಾಡಿದಾಗ ಏನಂದಳು ಹೇಳಲಾ? ನಿನ್ನ ಚಿಕ್ಕಮ್ಮನ ಕಾಲಿನ ಮುಂದೆ ನನ್ನ ಕಾಲು ಯಾವ ಲೆಕ್ಕ ಕಣೇ, ಅವಳ ಹಾಗೆ ಓಡೋದು ಕಲಿ ಅಂತ."

"ಹಾಗಂದಳಾ?"

"ಹೂಂ ಮತ್ತೆ."

ಚಾಂಪಿಯನ್ನಮ್ಮ ಸುಮ್ಮನಿದ್ದುಬಿಟ್ಟರೆ ಯಾರು ಕೇಳುತ್ತಾರೆ? ವಿಷಯ ಗೊತ್ತಿದ್ದವರು ಇಬ್ಬರೇ, ಒಬ್ಬಳು ಹೋಗಿಯಾಯಿತು. ಹೋದವಳು ಮಗಳಿಗೂ ಬಾಯಿ ಬಿಡದೆ, ಬಿಡುವುದಿರಲಿ, ಸುಳ್ಳು ಹೇಳಿ ತಂಗಿಯ ಮಾನ ಕಾಪಾಡಿ ಹೋದಳು. ಬಾಯಿ ತೆರೆದರೆ ಈ ಹುಡುಗಿ ಕೈತಪ್ಪಿ ಹೋಗುತ್ತಾಳೆ. ತೆರೆಯದಿದ್ದರೆ ನಾಳೆ ಇದೇ ತಿರುವಿನಲ್ಲಿ ಬಲಕ್ಕೆ ಸರಿದು, ಅಮ್ಮನ ಹಾದಿಯಲ್ಲೇ ಹೋಗುತ್ತಾಳೆ. ಮುಂದೆ, ತಿರುವಿನಾಚೆ, ಸದ್ದು ಮತ್ತೆ ಶುರುವಾಗಿತ್ತು. ಚಾಂಪಿಯನ್ನಮ್ಮ ಕುಂಚವನ್ನು ಡಬ್ಬಿಯ ಮೇಲೆ ಅಡ್ಡ ಇಟ್ಟಳು.

"ನಿನ್ನ ಅಮ್ಮ ನನಗಿಂತ ಚೆನ್ನಾಗಿ ಓಡಿದಳು" ಎಂದಳು. "ಒಂದು ದಿನ. ಆ ದಿನ. ಆ ಹಲಗೆ ಮೇಲಿರೋ ಓಟ ಅವಳದು. ನಾನು ಕದ್ದೆ."

ಪುಟ್ಟಿ ನಗುತ್ತಲೇ, "ಏನು ಹಂಗಂದ್ರೆ?" ಎಂದಳು.

ಚಾಂಪಿಯನ್ನಮ್ಮ ಹೇಳಿದಳು. ಅವರ ಗುರು ಸೀಟಿ ಮಾಸ್ತರು, ಕೊರಳಲ್ಲಿ ಸೀಟಿ ಇಲ್ಲದೆ ಅವರನ್ನು ಕಂಡವರಿಲ್ಲ. ಅವರು ಅಕ್ಕತಂಗಿಯರಿಂದ ನಾಲ್ಕು ವರ್ಷ ದಿನಾ ಬೆಳಿಗ್ಗೆ ಅದೊಂದನ್ನೇ ಮಾಡಿಸಿದ್ದರು. ಅಕ್ಕ ಮುಂದೆ, ತಂಗಿ ಹಿಂದೆ. ಆರುನೂರು ಮೀಟರ್ ದಾಟಿದ ಮೇಲೆ ಅಕ್ಕನ ಉಸಿರು ಒಡೆಯುತ್ತದೆ, ಹ್ಹ ಹ್ಹ ಎಂದು ಬಾಯಲ್ಲಿ ಬರುತ್ತದೆ. ಆಗ ತಂಗಿ 'ದಾರಿ' ಅನ್ನಬೇಕು. ಅಂದದ್ದೇ ತಡ ಅಕ್ಕ ಬಲಕ್ಕೆ. ಯೋಚಿಸಿ ಸರಿದರೆ ತಡವಾಗುತ್ತದೆ, ಮೈಯೇ ಸರಿಯಬೇಕು ಎಂದು ಮಾಸ್ತರು ಸಾವಿರ ಸಲ, ಎರಡು ಸಾವಿರ ಸಲ ಮಾಡಿಸಿದರು. ಕೊನೆಕೊನೆಗೆ ಅಕ್ಕ ಬೀದಿಯಲ್ಲಿ ನಡೆಯುವಾಗ ಯಾರಾದರೂ ದಾರಿ ಎಂದರೂ ಬಲಕ್ಕೆ ಜಿಗಿಯುತ್ತಿದ್ದಳು. ಅದನ್ನು ನೋಡಿ ಇಬ್ಬರೂ ಬಿದ್ದುಬಿದ್ದು ನಗುತ್ತಿದ್ದರು.

"ಆ ದಿನ ಬೆಳಿಗ್ಗೆ ಮಾಸ್ತರು ನಮ್ಮಿಬ್ಬರನ್ನೂ ಕೂರಿಸಿಕೊಂಡು ಹೇಳಿದ್ರು. ಹೊರಗಿಂದ ಆಯ್ಕೆ ಮಾಡೋರು ಬಂದಿದಾರೆ, ಇವತ್ತು ಎಳೆಯೋದು ಗಿಳೆಯೋದು ಇಲ್ಲ. ಇವತ್ತು ದಾರಿ ಇಲ್ಲ. ಯಾರ ಕಾಲಲ್ಲಿ ಇದೆಯೋ ಅವರು ಹೋಗಿ ಅಂತ. ನಾನು ಹೂಂ ಅಂದೆ. ಅಕ್ಕ ಹೂಂ ಅಂದಳು."

"ಆಮೇಲೆ?"

"ಅಭ್ಯಾಸದ ಹಾಗೆ ಅವಳೇ ಮುಂದೆ ಹೋದಳು, ನಾನು ಹಿಂದೆ. ಆರುನೂರು ಆಯ್ತು. ಅವಳ ಉಸಿರು ಒಡೆಯಲಿಲ್ಲ, ಪುಟ್ಟಿ. ನಾನು ಕಾದೆ. ಒಡೆಯಲೇ ಇಲ್ಲ. ನನ್ನ ತೊಡೆ ಕಲ್ಲಾಗಿತ್ತು. ಇದೇ ತಿರುವು. ಒಂದು ಮೊಳ ಮುಂದೆ ಹೋದಳು, ಎರಡು ಮೊಳ ಆಯ್ತು. ಇನ್ನು ನನಗೆ ಸಿಗಲ್ಲ ಅಂತ ಗೊತ್ತಾಯ್ತು. ಆಗ ಕೂಗಿದೆ."

ಪುಟ್ಟಿಯ ಮುಖದಲ್ಲಿದ್ದ ನಗು ಎಲ್ಲಿ ಹೋಯಿತೋ.

"ಮೈ ತಾನಾಗೇ ಸರೀತು ಅವಳದು. ಸರಿದ ಮೇಲೆ ಗೊತ್ತಾಯ್ತು ಅವಳಿಗೆ. ತಿರುಗಿ ನೋಡಿದಳು ನನ್ನ. ಅಷ್ಟರಲ್ಲಿ ನಾನು ಒಳಗಿಂದ ನುಗ್ಗಿಯಾಗಿತ್ತು. ಆಮೇಲೂ ಬಿಡಲಿಲ್ಲ ನಿನ್ನಮ್ಮ, ಹೊರಗಿಂದಲೇ ಓಡಿ ಬಂದಳು. ಒಂದು ಗೇಣು. ಒಂದೇ ಗೇಣಲ್ಲಿ ನಾನು ಗೆದ್ದೆ."

"ಮಾಸ್ತರಿಗೆ ಕೇಳಿಸಲಿಲ್ವಾ?"

"ಅವರು ಆ ತುದಿಯಲ್ಲಿದ್ರು. ಯಾಕೆ ಹೊರಗೆ ಸರಿದೆ ಅಂತ ಎಲ್ಲರೆದುರು ಬೈದ್ರು ಅವಳಿಗೆ. ಕಾಲು ಜಾರಿತು ಸಾರ್ ಅಂದಳು."

ಮೇಲೆ ಎಲ್ಲೋ ಒಂದು ಹದ್ದು ಕೂಗಿತು. ಪುಟ್ಟಿ ತನ್ನ ಬೂಟಿನ ದಾರ ಬಿಚ್ಚಿ ಮತ್ತೆ ಬಿಗಿದಳು.

"ಅಮ್ಮ ನಿನ್ನ ಏನೂ ಕೇಳಲಿಲ್ವಾ?"

"ಅವತ್ತು ಬಟ್ಟೆ ಬದಲಾಯಿಸುವ ಕೋಣೆಯಲ್ಲಿ, 'ಹಾಳು ಅಭ್ಯಾಸ ಕಣೇ, ಕಾಲು ಕೇಳಲಿಲ್ಲ' ಅಂದಳು. ನನ್ನ ಕಡೆ ನೋಡಲಿಲ್ಲ. ಅಷ್ಟೇ. ಮತ್ತೆ ಯಾವತ್ತೂ ಎತ್ತಲಿಲ್ಲ. ಆರು ತಿಂಗಳಿಗೆ ಓಟ ಬಿಟ್ಟಳು."

"ನೀನು? ತಪ್ಪಾಯ್ತು ಅಂತ ಅಂದ್ಯಾ?"

"ಪ್ರತಿ ಭಾನುವಾರ ಹೇಳಬೇಕು ಅಂತಲೇ ಬರ್ತಿದ್ದೆ."

"ಅಂದ್ಯಾ?"

"ಇಲ್ಲ."

"ಮೂವತ್ತು ವರ್ಷ" ಎಂದಳು ಪುಟ್ಟಿ. ದನಿಯಲ್ಲಿ ಸಿಟ್ಟಿರಲಿಲ್ಲ, ಏನೂ ಇರಲಿಲ್ಲ. "ಅಮ್ಮ ದಿನಾ ಹತ್ತು ಗಂಟೆ ನಿಂತು ಇಸ್ತ್ರಿ ಹಾಕ್ತಿದ್ದಳು. ಸಂಜೆ ಬಂದು ಬಿಸಿನೀರಲ್ಲಿ ಕಾಲು ಇಟ್ಕೊಂಡು ಕೂರ್ತಿದ್ದಳು. ನಾನು ಸಣ್ಣವಳಿದ್ದಾಗ ಆ ಕಾಲು ಒತ್ತುತ್ತಾ ಕೇಳ್ತಿದ್ದೆ, ಚಿಕ್ಕಮ್ಮನ ಹಾಗೆ ನೀನೂ ಯಾಕೆ ಓಡಲಿಲ್ಲ ಅಂತ."

ಹುಡುಗಿ ಎದ್ದು ಚೀಲ ಹೆಗಲಿಗೆ ಹಾಕಿಕೊಂಡಳು.

"ನಾಳೆ ನೀವು ನನ್ನ ಓಟ ನೋಡೋಕೆ ಬರಬೇಡಿ."

ಹುಟ್ಟಿದಾಗಿನಿಂದ ನೀನು, ನೀನು ಎಂದೇ ಹೆಗಲೇರಿ ಬೆಳೆದ ಹುಡುಗಿ. ಆ 'ನೀವು' ಕೆನ್ನೆಗೆ ಹೊಡೆದಂತೆ ಬಿತ್ತು.

"ನಾನು ಇರಲೇಬೇಕಲ್ಲ ಪುಟ್ಟಿ. ಕೊನೆ ಸುತ್ತಿನ ಗಂಟೆ ಹೊಡೆಯೋಳು ನಾನೇ."

"ಹೊಡೀರಿ. ಎಲ್ಲರಿಗೂ ಹೊಡೆಯೋ ಹಾಗೆ ಹೊಡೀರಿ. ನನ್ನ ಹೆಸರು ಹಿಡಿದು ಕೂಗಬೇಡಿ."

ಹೋಗುವ ರಭಸದಲ್ಲಿ ಹಸಿ ಗೆರೆಯ ಮೇಲೆ ಎಡಗಾಲು ಇಟ್ಟಳು. ಅವಳಿಗೆ ಅದು ಗೊತ್ತೇ ಆಗಲಿಲ್ಲ. ಕೆಂಪು ಟ್ರ್ಯಾಕಿನ ಮೇಲೆ ಎರಡನೆಯ ಲೇನಿನಲ್ಲಿ ಒಂದು ಬಿಳಿ ಹೆಜ್ಜೆ ಮೂಡಿತು, ಆಚೆಗೆ ಮತ್ತೊಂದು ಅರ್ಧ, ಅದರಾಚೆ ಬರೀ ಹಿಮ್ಮಡಿ. ಚಾಂಪಿಯನ್ನಮ್ಮ ಗೆರೆ ಸರಿಮಾಡಿದಳು. ಹೆಜ್ಜೆಯ ಗುರುತು ಒರೆಸಲು ಸೀಮೆಎಣ್ಣೆಯ ಬಟ್ಟೆ ಕೈಗೆ ತೆಗೆದುಕೊಂಡಳು, ಮತ್ತೆ ಹಾಗೇ ಇಟ್ಟಳು. ತಲೆಯ ಮೇಲೆ ಹುಡುಗಿಯ ಟೋಪಿ ಇನ್ನೂ ಇತ್ತು.

ಮರುದಿನ ಮಧ್ಯಾಹ್ನ ಗ್ಯಾಲರಿ ಅರ್ಧ ತುಂಬಿತ್ತು. ಕೋಚ್ ಕಪ್ಪು ಕನ್ನಡಕ ಹಾಕಿಕೊಂಡು ಒಳಗಿನ ಹುಲ್ಲಿನ ಮೇಲೆ ಸೊಂಟಕ್ಕೆ ಕೈಕೊಟ್ಟು ನಿಂತಿದ್ದ. ಎಂಟುನೂರು ಮೀಟರಿಗೆ ಎಂಟು ಹುಡುಗಿಯರು. ಗಂಟೆಯ ಪಕ್ಕದಲ್ಲಿ ನಿಂತಿದ್ದ ಚಾಂಪಿಯನ್ನಮ್ಮನಿಗೆ ಒಂದೇ ಪ್ರಶ್ನೆ, ಪುಟ್ಟಿ ಕೋಚಿಗೆ ಏನಂದಳು? ಹೂಂ ಅಂದಳೋ, ಇಲ್ಲ ಅಂದಳೋ? ರಾತ್ರಿ ಊಟಕ್ಕೆ ಬಂದಿರಲಿಲ್ಲ. ಬೆಳಿಗ್ಗೆ ಫೋನು ಎತ್ತಲಿಲ್ಲ. ಸಿಟ್ಟಿಗೆ ಚಿಕ್ಕಮ್ಮನ ಮಾತು ಬೇಡವೇ ಬೇಡ ಎಂದು ಎಳೆಯಲು ಒಪ್ಪಿಕೊಂಡಿದ್ದರೆ? ಹಾಗೂ ಮಾಡುವ ಹುಡುಗಿಯೇ ಅವಳು, ಹಟ ಅಕ್ಕನದ್ದು.

ಪಿಸ್ತೂಲು ಸಿಡಿಯಿತು. ಮೊದಲ ತಿರುವು ಮುಗಿದು ಎಲ್ಲರೂ ಒಳಗೆರೆಗೆ ಬಂದಾಗ ಪುಟ್ಟಿ ಮುಂದಿದ್ದಳು, ವಕೀಲರ ಮಗಳು ಅವಳ ನೆರಳಿನಂತೆ ಹಿಂದೆ. ಎಳೆಯುವವಳು ಓಡುವುದೂ ಹೀಗೇ, ಗೆಲ್ಲುವವಳು ಓಡುವುದೂ ಹೀಗೇ. ನೋಡಿದರೆ ಏನೂ ತಿಳಿಯುವ ಹಾಗಿರಲಿಲ್ಲ. ಒಂದು ಸುತ್ತು ಮುಗಿಸಿ ಅವಳು ಗಂಟೆಯ ಮುಂದೆ ಹಾದುಹೋದಳು. ಟಕ್, ಟಪ್. ಟಕ್, ಟಪ್. ಚಾಂಪಿಯನ್ನಮ್ಮ ಗಂಟೆ ಹೊಡೆದಳು, ಎಲ್ಲರಿಗೂ ಹೊಡೆಯುವ ಹಾಗೆಯೇ ಹೊಡೆದಳು.

ಆಚೆ ಬದಿಯ ನೇರ ಹಾದಿಯಲ್ಲಿ ಮುಂದೆ ಇಬ್ಬರೇ ಉಳಿದರು. ಆರುನೂರು. ತಿರುವು. ಕೋಚ್ ಕೈ ಮೇಲೆತ್ತಿದ. ವಕೀಲರ ಮಗಳ ಬಾಯಿ ತೆರೆಯಿತು. ಅಷ್ಟು ದೂರಕ್ಕೆ, ಅಷ್ಟು ಗದ್ದಲದಲ್ಲಿ ಏನೂ ಕೇಳಿಸಲಿಲ್ಲ. ಕೇಳಿಸುವ ಅಗತ್ಯವೂ ಇರಲಿಲ್ಲ, ಆ ಬಾಯಿಯ ಆಕಾರ ಚಾಂಪಿಯನ್ನಮ್ಮನಿಗೆ ತನ್ನ ಬಾಯಿಯಷ್ಟೇ ಗೊತ್ತು. ಪುಟ್ಟಿಯ ಬಲಭುಜ ಒಂದು ಕೂದಲೆಳೆಯಷ್ಟು ಹೊರಗೆ ವಾಲಿತು. ಅಯ್ಯೋ, ಸರಿದಳು, ಎಂದುಕೊಂಡಳು ಚಾಂಪಿಯನ್ನಮ್ಮ. ಪುಟ್ಟೀ ಎನ್ನುವ ಕೂಗು ಗಂಟಲ ತನಕ ಬಂದದ್ದನ್ನು ಹಲ್ಲುಕಚ್ಚಿ ನುಂಗಿದಳು.

ಭುಜ ಹಿಂದಕ್ಕೆ ಬಂತು. ಕಾಲು ಗೆರೆ ಬಿಡಲಿಲ್ಲ. ವಕೀಲರ ಮಗಳು ಮತ್ತೊಮ್ಮೆ ಕೂಗಿದಳು, ಕೋಚೂ ಕೂಗಿದ, ಆಮೇಲೆ ಆ ಹುಡುಗಿ ಬೇರೆ ದಾರಿ ಕಾಣದೆ ಹೊರಗಿನಿಂದ ಸುತ್ತು ಹಾಕಿ ಬಂದಳು. ಪಾಪ, ಅವಳೂ ಓಟಗಾರ್ತಿಯೇ, ಬಿಟ್ಟುಕೊಡಲಿಲ್ಲ. ಕೊನೆಯ ಐವತ್ತು ಮೀಟರ್ ಇಬ್ಬರೂ ಭುಜಕ್ಕೆ ಭುಜ ಕೊಟ್ಟು ಓಡಿದರು. ಪುಟ್ಟಿ ಒಂದು ಗೇಣು ಮೊದಲು ಎದೆ ಚಾಚಿದಳು. ಎರಡು ನಿಮಿಷ ನಾಲ್ಕು ಸೆಕೆಂಡು, ಮೇಲೆ ಒಂದು ಹತ್ತಂಶ.

ಬಸ್ಸಿನ ಖಾಕಿ ಅಂಗಿಯಲ್ಲೇ ಬಂದಿದ್ದ ಅವಳಪ್ಪ ಕಂಬಿ ಹಾರಿ ಓಡಿಬಂದು ಮಗಳನ್ನು ಎತ್ತಿಕೊಂಡ. ಕೋಚ್ ಕನ್ನಡಕ ತೆಗೆದು ನೆಲಕ್ಕೆ ಕುಕ್ಕಿದ. ಪುಟ್ಟಿ ಎಲ್ಲರನ್ನೂ ನೋಡಿದಳು, ಗ್ಯಾಲರಿ ನೋಡಿದಳು, ಗೋಡೆಯ ಹಲಗೆಯನ್ನೂ ನೋಡಿದಳು. ಗಂಟೆಯ ಕಡೆ ಮಾತ್ರ ನೋಡಲಿಲ್ಲ.

"ಏನಮ್ಮಾ ಚಾಂಪಿಯನ್ನಮ್ಮ" ಎಂದ ಗೇಟಿನ ತಾತ, ಅವಳು ಗಂಟೆಯನ್ನು ಕೋಣೆಗೆ ಹೊತ್ತು ತರುವಾಗ. "ಹುಡುಗಿ ಗೆದ್ದಳು, ನಿಮ್ಮ ದಾಖಲೆಯೂ ಉಳೀತು. ಎರಡು ಕೈಯಲ್ಲೂ ಲಾಭ! ಆದರೂ ಮುಖ ಯಾಕೆ ಹಿಂಗೆ?"

"ಉಳೀತಲ್ಲ ತಾತ" ಎಂದಳು. "ಅದಕ್ಕೇ."

ತಾತನಿಗೆ ಅರ್ಥವಾಗಲಿಲ್ಲ. ತಲೆ ಕೆರೆದುಕೊಂಡು ಹೋದ.

ಆ ಸಂಜೆ ಆಫೀಸಿನ ಮೆಟ್ಟಿಲು ಇಳಿಯುವಾಗ ಏನೋ ಇಲ್ಲ ಎನ್ನಿಸಿತು. ಕೈಚೀಲ ನೋಡಿಕೊಂಡಳು, ಬೀಗದ ಕೈ ನೋಡಿಕೊಂಡಳು, ಎಲ್ಲ ಇತ್ತು. ಬೀದಿಯ ತಿರುವಿಗೆ ಬಂದಾಗ ತಿಳಿಯಿತು. ಸದ್ದು ಇರಲಿಲ್ಲ. ಮರುದಿನವೂ ಇರಲಿಲ್ಲ. ಬೆಳಿಗ್ಗೆ ದಿನಾ ಮಾಡುವ ಹಾಗೆ, ಹರಿದು ಹೊಲಿದ ಹಿಮ್ಮಡಿ ಎಳೆದುಕೊಂಡು ಒಂದು ಸುತ್ತು ನಿಧಾನಕ್ಕೆ ಓಡಿದಳು. ಕೊನೆಯ ತಿರುವಿನಲ್ಲಿ ಕಿವಿ ನಿಮಿರಿಸಿದಳು. ಗಾಳಿ, ದೂರದಲ್ಲಿ ಎಲ್ಲೋ ಒಂದು ಲಾರಿ, ತನ್ನದೇ ಏದುಸಿರು. ಮುಂದೆ ಯಾರೂ ಇರಲಿಲ್ಲ. ಮೂವತ್ತೊಂದು ವರ್ಷ ಸಾಕು ಹೋಗು, ಸಾಕು ಹೋಗು ಎಂದು ಗೋಗರೆದವಳು, ಹೋದ ಮೇಲೆ ನಡು ಟ್ರ್ಯಾಕಿನಲ್ಲಿ ನಿಂತು, "ಅಕ್ಕಾ" ಎಂದಳು. ಇನ್ನೊಂದು ಸಲ ಜೋರಾಗಿ ಕರೆದಳು. ಅಕ್ಕ ಸತ್ತದ್ದು ಅವಳಿಗೆ ಆಗ ಗೊತ್ತಾಯಿತು. ಅಲ್ಲೇ ಕೂತು ಅತ್ತಳು.

ಪುಟ್ಟಿ ಬರಲಿಲ್ಲ. ತಂತಿಯ ಮೇಲೆ ಒಣಗಿದ್ದ ಅವಳ ಬಟ್ಟೆಗಳನ್ನು ಚಾಂಪಿಯನ್ನಮ್ಮ ಮಡಿಸಿ ಕುರ್ಚಿಯ ಮೇಲೆ ಇಟ್ಟಳು, ಟೋಪಿಯನ್ನು ಅದರ ಮೇಲೆ. ಎರಡು ತಟ್ಟೆ ಇಟ್ಟು ಒಂದನ್ನು ಎತ್ತಿಟ್ಟಳು.

ಐದನೆಯ ಬೆಳಿಗ್ಗೆ ಮಂಜು ಇನ್ನೂ ಹುಲ್ಲಿನ ಮೇಲಿತ್ತು. ಚಾಂಪಿಯನ್ನಮ್ಮ ಒಂದನೆಯ ಲೇನಿನಲ್ಲಿ, ಒಳಗೆರೆಗೆ ಒತ್ತಿಕೊಂಡು, ಕುಂಟುತ್ತಾ ಓಡುತ್ತಿದ್ದಳು. ತಿರುವಿಗೆ ಬಂದಾಗ ಕೇಳಿಸಿತು. ಟಕ್, ಟಪ್. ಸದ್ದು ಹಿಂದಿನಿಂದ ಬರುತ್ತಿತ್ತು. ಹಿಂದಿನಿಂದ ಎಂದೂ ಬಂದಿರಲಿಲ್ಲ. ಈ ಸದ್ದಿಗೆ ಉಸಿರೂ ಇತ್ತು, ಮೂಗಿನಲ್ಲಿ ಒಂದೇ ಸಮ ಬರುವ ಒಡೆಯದ ಉಸಿರು. ಹತ್ತಿರವಾಯಿತು. ಇನ್ನೂ ಹತ್ತಿರವಾಯಿತು. ಚಾಂಪಿಯನ್ನಮ್ಮ ತಿರುಗಿ ನೋಡಲಿಲ್ಲ.

"ದಾರಿ" ಎಂದಿತು ಹಿಂದಿನ ದನಿ.

ಚಿಕ್ಕಮ್ಮ ಎನ್ನಲಿಲ್ಲ. ನೀನೂ ಇಲ್ಲ, ನೀವೂ ಇಲ್ಲ. ಜೋರಾಗಿಯೂ ಕೂಗಲಿಲ್ಲ.

ಅವಳಿಗೆ ಇಡೀ ಆಯುಸ್ಸಿನಲ್ಲಿ ಯಾರೂ ಆ ಪದ ಹೇಳಿರಲಿಲ್ಲ. ಅವಳ ಮೈಗೆ ಅದು ಕಲಿಸಿರಲಿಲ್ಲ, ಹಾಗಾಗಿ ಮೈ ತಾನಾಗಿ ಸರಿಯಲಿಲ್ಲ. ಯಾವ ಕಾಲು ಮೊದಲು ಎಂದು ಯೋಚಿಸಬೇಕಾಯಿತು. ಬಲಗಾಲು ಎತ್ತಿ, ತಾನೇ ಬಳಿದ ಗೆರೆಯನ್ನು ದಾಟಿ ಆಚೆ ಇಟ್ಟಳು. ಅಲ್ಲಿ ಮಾಸಿದ ಒಂದು ಬಿಳಿ ಹೆಜ್ಜೆ ಇತ್ತು. ಎಡಗಡೆಯಿಂದ ಬೆಚ್ಚನೆಯ ಗಾಳಿ ಬೀಸಿದಂತೆ ಹುಡುಗಿ ಒಳಗೆರೆ ಹಿಡಿದು ಹಾದುಹೋದಳು. ಪಕ್ಕಕ್ಕೆ ನೋಡಲಿಲ್ಲ, ನಿಲ್ಲಲಿಲ್ಲ.

ಟಕ್, ಟಪ್. ಟಕ್, ಟಪ್. ಸದ್ದು ಮುಂದಕ್ಕೆ ಹೋಯಿತು. ಈ ಸಲ ಅದಕ್ಕೊಂದು ಬೆನ್ನಿತ್ತು, ಬೆವರಿಗೆ ಅಂಟಿದ ಅಂಗಿಯಿತ್ತು, ಕುಣಿಯುವ ಜಡೆಯಿತ್ತು. ಒಂದನೆಯ ಲೇನು ಮತ್ತೆ ಖಾಲಿಯಾಯಿತು. ಚಾಂಪಿಯನ್ನಮ್ಮ ಅದಕ್ಕೆ ಮರಳಲಿಲ್ಲ. ಹೊರಗಿನ ಲೇನಿನಲ್ಲೇ, ಆ ಬೆನ್ನನ್ನು ನೋಡುತ್ತಾ, ಉಳಿದ ಸುತ್ತನ್ನು ಓಡಿದಳು.